1921ರ ಲೌತ್ ಉಪಚುನಾವಣೆ: ಭಾಷಣ ಮಾಡದೆ ಗೆದ್ದದ್ದು ಹೇಗೆ?

ಪ್ರಶ್ನೆ:
ಬ್ರಿಟನ್ನಿನ ಮೊದಮೊದಲ ಮಹಿಳಾ ಎಂಪಿಗಳ ಬಗ್ಗೆ ಓದುತ್ತಾ ಲೌತ್‌ಗೆ ಬಂದು ನಿಂತಿದ್ದೇನೆ. ಲಿಂಕನ್‌ಶೈರ್‌ನ ಪಕ್ಕಾ ಹಳ್ಳಿಗಾಡಿನ ಕ್ಷೇತ್ರ. ಅಲ್ಲಿನ ಲಿಬರಲ್ ಎಂಪಿ ಥಾಮಸ್ ವಿಂಟ್ರಿಂಗ್‌ಹ್ಯಾಮ್ 1921ರ ಆಗಸ್ಟ್‌ನಲ್ಲಿ ಪಾರ್ಲಿಮೆಂಟಿನಲ್ಲೇ ತೀರಿಕೊಂಡರು. ಸೆಪ್ಟೆಂಬರ್‌ನಲ್ಲೇ ಉಪಚುನಾವಣೆ. ಹೆಂಡತಿ ಮಾರ್ಗರೆಟ್ ನಿಂತರು. ದುಃಖದಲ್ಲಿದ್ದ ಕಾರಣ ಪ್ರಚಾರ ಸಭೆಗಳಲ್ಲಿ ಅವರು ಮಾತನಾಡಿದ್ದು ಇಲ್ಲವೆನ್ನುವಷ್ಟು ಕಡಿಮೆ, ಆದರೂ ಗೆದ್ದುಬಿಟ್ಟರು. ಇದು ಬರೀ ಅನುಕಂಪದ ಅಲೆ ತಾನೆ? ಬೇರೆ ಏನಾದರೂ ಇತ್ತಾ?

ಉತ್ತರ 1:
ಅನುಕಂಪ ಇತ್ತು, ಇಲ್ಲ ಅನ್ನೋಕಾಗಲ್ಲ. ಆ ಕಾಲದಲ್ಲಿ ಹೆಂಗಸರು ಪಾರ್ಲಿಮೆಂಟಿಗೆ ಬಂದ ದಾರಿಯೇ ಹಾಗಿತ್ತು. 1919ರಲ್ಲಿ ನ್ಯಾನ್ಸಿ ಆಸ್ಟರ್ ಪ್ಲಿಮತ್‌ನಲ್ಲಿ ಗೆದ್ದದ್ದು ಗಂಡ ಮೇಲ್ಮನೆಯಾದ ಹೌಸ್ ಆಫ್ ಲಾರ್ಡ್ಸ್‌ಗೆ ಹೋಗಿ ಸೀಟು ಖಾಲಿಯಾದದ್ದರಿಂದ. 1923ರಲ್ಲಿ ಬೆರಿಕ್‌ನಲ್ಲಿ ಮೇಬಲ್ ಫಿಲಿಪ್ಸನ್ ನಿಂತದ್ದು, ಚುನಾವಣಾ ಖರ್ಚಿನ ತಕರಾರಿನಲ್ಲಿ ಗಂಡನ ಆಯ್ಕೆ ರದ್ದಾದ ಮೇಲೆ. ಅಲ್ಲಿ ತಮಾಷೆ ನೋಡಿ, ಗಂಡ ಲಿಬರಲ್, ಹೆಂಡತಿ ಗೆದ್ದದ್ದು ಕನ್ಸರ್ವೇಟಿವ್ ಆಗಿ! ಒಟ್ಟಿನಲ್ಲಿ ಕೆಳಮನೆಯಾದ ಕಾಮನ್ಸ್‌ನಲ್ಲಿ ಕೂತ ಮೊದಲ ಮೂವರದ್ದೂ ಗಂಡನ ಸೀಟೇ. 1918ರಲ್ಲೇ ಡಬ್ಲಿನ್‌ನಿಂದ ಗೆದ್ದ ಐರಿಶ್ ಸ್ವಾತಂತ್ರ್ಯ ಹೋರಾಟಗಾರ್ತಿ ಮಾರ್ಕಿಯೆವಿಚ್ ಒಳಗೆ ಹೋಗಿ ಕೂರಲೇ ಇಲ್ಲ, ಹಾಗಾಗಿ ಅವರನ್ನು ಬಿಟ್ಟು ಹೇಳಿದೆ.

ಉತ್ತರ 2:
ಅನುಕಂಪ ಅಂತ ಹೇಳಿ ಮುಗಿಸಿದರೆ ಮಾರ್ಗರೆಟ್‌ಗೆ ಅನ್ಯಾಯ. ಟೀಚರ್ ಆಗಿದ್ದವರು, ಮ್ಯಾಜಿಸ್ಟ್ರೇಟ್ ಆಗಿದ್ದವರು, ಹಳ್ಳಿ ಹೆಂಗಸರ ಸಂಘಟನೆಯಾದ ವಿಮೆನ್ಸ್ ಇನ್‌ಸ್ಟಿಟ್ಯೂಟ್‌ನಲ್ಲಿ ಓಡಾಡಿದವರು. ಮದ್ಯಪಾನ ವಿರೋಧಿ ಚಳವಳಿಯಲ್ಲೂ ಇದ್ದರು. ಇಷ್ಟು ಕೆಲಸ ಮಾಡಿದವರು ವೇದಿಕೆ ಹತ್ತಿ ತಮ್ಮ ಪರಿಚಯ ಹೇಳಿಕೊಳ್ಳಬೇಕಾ? 1918ರ ಕಾಯ್ದೆ 30 ದಾಟಿದ, ಸ್ವಂತ ಹೆಸರಲ್ಲೋ ಗಂಡನ ಹೆಸರಲ್ಲೋ ಮನೆ-ಜಮೀನಿನ ಅರ್ಹತೆ ಇದ್ದ ಹೆಂಗಸರಿಗೆ ವೋಟು ಕೊಟ್ಟಿತ್ತು, ಅಂದರೆ ಸಂಸಾರ ಹೂಡಿ ಊರಲ್ಲಿ ನೆಲೆ ನಿಂತ ಹೆಂಗಸರೇ ಜಾಸ್ತಿ. ಅವರ ನಡುವೆಯೇ ಈಕೆ ಕೆಲಸ ಮಾಡಿದ್ದು.

ಇನ್ನೊಂದು ವಿಷಯ ಯಾರೂ ಹೇಳಲ್ಲ. ಅದು ಪ್ರಧಾನಿ ಲಾಯ್ಡ್ ಜಾರ್ಜ್ ಅವರ ಸಮ್ಮಿಶ್ರ ಸರ್ಕಾರದ ಕಾಲ, ಲಿಬರಲ್ ಪಕ್ಷದ ಒಂದು ಬಣ ಕನ್ಸರ್ವೇಟಿವ್ ಜೊತೆ ಸೇರಿ ನಡೆಸಿದ್ದು. ಗೋಧಿಗೆ, ಓಟ್ಸ್‌ಗೆ ಕನಿಷ್ಠ ಬೆಲೆ ಕೊಡ್ತೀವಿ ಅಂತ 1920ರಲ್ಲಿ ಕಾನೂನು ಮಾಡಿದ ಸರ್ಕಾರ, ಬೆಲೆ ಬಿದ್ದ ಕೂಡಲೇ ಖಜಾನೆಗೆ ಭಾರ ಅಂತ 1921ರ ಬೇಸಿಗೆಯಲ್ಲಿ ಅದನ್ನೇ ರದ್ದು ಮಾಡಿತು, ಜೊತೆಗೆ ಕೂಲಿಯಾಳುಗಳ ಸಂಬಳ ನಿಗದಿ ಮಾಡುತ್ತಿದ್ದ ಮಂಡಳಿಗೂ ಕೊಕ್. ರೈತರು ಅದನ್ನು ಮಹಾದ್ರೋಹ ಅಂತಲೇ ಕರೆದರು. ಅದಾಗಿ ಕೆಲವೇ ವಾರಕ್ಕೆ ಬೇಸಾಯದ ಕ್ಷೇತ್ರದಲ್ಲಿ ವೋಟು! ಮಾರ್ಗರೆಟ್ ಸರ್ಕಾರದ ಜೊತೆಗಿದ್ದ ಲಿಬರಲ್ ಅಲ್ಲ, ಸರ್ಕಾರದ ಹೊರಗಿದ್ದ ಆಸ್ಕ್ವಿತ್ ಬಣದವರು. ಬೇಜಾರಾದವರಿಗೆ ಹೋಗೋಕೆ ಒಂದು ಜಾಗ ಇತ್ತು ಅಂತ ನನ್ನ ಲೆಕ್ಕ.

ಪ್ರಶ್ನೆ ಕೇಳಿದವರು:
ರೈತರ ಸಿಟ್ಟು ನನಗೆ ಹೊಳೆದೇ ಇರಲಿಲ್ಲ. ಆದರೆ ಸಿಟ್ಟಿದ್ದವರು ಲೇಬರ್‌ಗೂ ಹೋಗಬಹುದಿತ್ತಲ್ಲ?

ಉತ್ತರ 3:
ಹೋದರು. ಲೇಬರ್ ಕಣದಲ್ಲಿತ್ತು, ಮೂರನೇ ಸ್ಥಾನಕ್ಕೆ ಬಂತು. ತ್ರಿಕೋನ ಸ್ಪರ್ಧೆ ಆದ್ದರಿಂದಲೇ ಮಾರ್ಗರೆಟ್ ಅರ್ಧಕ್ಕಿಂತ ಕಡಿಮೆ ವೋಟಿನಲ್ಲಿ ಗೆದ್ದದ್ದು. ಎರಡನೇ ಸ್ಥಾನ ಕನ್ಸರ್ವೇಟಿವ್‌ಗೆ. ಅಲ್ಲದೆ ಲೌತ್ ಒಂದು ವರ್ಷ ಹಿಂದೆಯೇ ತಿರುಗಿತ್ತು. 1920ರ ಉಪಚುನಾವಣೆಯಲ್ಲಿ ಥಾಮಸ್ ಆ ಸೀಟನ್ನು ಸಮ್ಮಿಶ್ರ ಸರ್ಕಾರದ ಕಡೆಯಿಂದ ಕಿತ್ತುಕೊಂಡಿದ್ದರು, ಆಗ ಯಾವ ಅನುಕಂಪ ಇತ್ತು? ಮಾರ್ಗರೆಟ್ 1922ರಲ್ಲೂ 1923ರಲ್ಲೂ ಮತ್ತೆ ಗೆದ್ದರು. ಅನುಕಂಪದ ವೋಟು ಒಂದು ಸಲ ಸಿಗುತ್ತೆ, ಮೂರು ಸಲ ಸಿಗಲ್ಲ. ಸೋತದ್ದು 1924ರಲ್ಲಿ. ಆ ವರ್ಷ ದೇಶದ ತುಂಬಾ ಲಿಬರಲ್ ಪಕ್ಷವೇ ಕೊಚ್ಚಿಹೋಯಿತು.