ಜೂಲಿ ಲಂಡನ್ ದನಿ ಕಿವಿಯ ಪಕ್ಕದಲ್ಲೇ ಕೇಳಿಸುವುದು ಹೇಗೆ?

ಪ್ರಶ್ನೆ: ಸರ್, ಅಮೆರಿಕದ ಜಾಝ್ ಗಾಯಕಿ ಜೂಲಿ ಲಂಡನ್ ಅವರ ‘ಕ್ರೈ ಮಿ ಎ ರಿವರ್’ ಹೆಡ್‌ಫೋನ್‌ನಲ್ಲಿ ಕೇಳಿದರೆ ಕಿವಿಯ ಪಕ್ಕ ಕೂತು ಹಾಡಿದ ಹಾಗಿದೆ. ನನ್ನದೂ ಸಣ್ಣ ದನಿ, ಭಾವಗೀತೆ ಹಾಡುತ್ತೇನೆ. ಮೈಕ್ ಹತ್ತಿರ ಹೋದರೆ ದನಿ ಗುಂಯ್‌ಗುಡುತ್ತದೆ, ‘ಪ’, ‘ಭ’ ಬಂದಾಗ ಢಬ್ ಅನ್ನುತ್ತದೆ. ಅವರು ಹೇಗೆ ನಿಭಾಯಿಸಿದರು? ನಟಿಯೂ ಆಗಿದ್ದರಂತೆ?

ಉತ್ತರ: ಮೊದಲು ಹಾಡಿನ ಬಗ್ಗೆ ಹೇಳುತ್ತೇನೆ, ನಟನೆಯ ಬಗ್ಗೆ ಆಮೇಲೆ.

ತಮ್ಮದು ತೀರಾ ಸಣ್ಣ ದನಿ, ಮೈಕ್‌ಗೆ ಹತ್ತಿರವಾಗಿಯೇ ಹಾಡಬೇಕು ಎಂದು ಜೂಲಿ ಅವರೇ ಹೇಳಿಕೊಂಡಿದ್ದರು. ಆ ದನಿಗೆ ತಕ್ಕ ಪಕ್ಕವಾದ್ಯ ಆರಿಸಿದ್ದರಲ್ಲೇ ಅರ್ಧ ಕೆಲಸ ಮುಗಿದಿತ್ತು. 1955ರ ‘ಜೂಲಿ ಈಸ್ ಹರ್ ನೇಮ್’ ಆಲ್ಬಂನಲ್ಲಿ ಇರುವುದು ಬಾರ್ನಿ ಕೆಸೆಲ್ ಅವರ ಗಿಟಾರ್, ರೇ ಲೆದರ್‌ವುಡ್ ಅವರ ಬೇಸ್, ಅಷ್ಟೇ. ಡ್ರಮ್ಸ್ ಇಲ್ಲ, ಪಿಯಾನೊ ಇಲ್ಲ. ಮೆಲ್ಲಗೆ ಹಾಡುವವರ ಮೈಕ್‌ಗೆ ಗೇನ್ (ಸದ್ದನ್ನು ಹಿಗ್ಗಿಸುವ ಮಟ್ಟ) ಹೆಚ್ಚು ಬೇಕು. ಅದೇ ಕೋಣೆಯಲ್ಲಿ ಡ್ರಮ್ಸ್ ಇದ್ದರೆ ಅದರ ಸದ್ದೂ ಹಾಡಿನ ಮೈಕ್‌ಗೆ ನುಗ್ಗುತ್ತದೆ. ನೀವೂ ತಬಲಾ, ಕೀಬೋರ್ಡ್, ಕೊಳಲು ಎಲ್ಲವನ್ನೂ ಒಟ್ಟಿಗೆ ಇಟ್ಟುಕೊಂಡರೆ ಎಷ್ಟು ಒಳ್ಳೆಯ ಮೈಕ್ ಇದ್ದರೂ ದನಿ ಮುಳುಗುತ್ತದೆ.

ಗುಂಯ್‌ಗುಡುವುದಕ್ಕೆ ಕಾರಣ: ಎದುರಿನ ಸದ್ದನ್ನಷ್ಟೇ ಹೆಚ್ಚಾಗಿ ಹಿಡಿಯುವ ಮೈಕ್‌ಗೆ ಬಾಯಿ ಹತ್ತಿರವಾದಷ್ಟೂ ಕೆಳದನಿಯ ಅಂಶ ಉಬ್ಬುತ್ತದೆ. ಜೂಲಿ ದನಿಯ ಬೆಚ್ಚಗಿನ ಗುಣಕ್ಕೆ ಹೀಗೆ ಹತ್ತಿರ ಹಾಡುವುದೂ ಒಂದು ಕಾರಣ, ಹಾಗಾಗಿ ಅದನ್ನು ಪೂರ್ತಿ ಕೊಲ್ಲಬೇಡಿ. ಬಾಯಿಗೂ ಮೈಕ್‌ಗೂ 10ರಿಂದ 15 ಸೆಂ.ಮೀ. ಅಂತರವಿರಲಿ, 80 ಹರ್ಟ್ಸ್‌ನ ಲೋ ಕಟ್ (ಅದಕ್ಕಿಂತ ಕೆಳಗಿನ ಸದ್ದನ್ನು ತಗ್ಗಿಸುವ ಫಿಲ್ಟರ್) ಹಾಕಿ. ಆಮೇಲೂ ಗುಂಯ್ ಅಂದರೆ 100ಕ್ಕೆ ಏರಿಸಿ. ಪಾಪ್ ಫಿಲ್ಟರ್ (ಬಾಯಿಯ ಗಾಳಿ ತಡೆಯುವ ಜಾಲರಿ ಪರದೆ) ಮೈಕ್‌ನಿಂದ ನಾಲ್ಕೈದು ಸೆಂ.ಮೀ. ಮುಂದಿರಲಿ. ಮೈಕನ್ನು ಬಾಯಿಯ ನೇರಕ್ಕೆ ಇಡದೆ, ಪಕ್ಕಕ್ಕೆ ಸರಿಸಿ ಸುಮಾರು 30 ಡಿಗ್ರಿ ಓರೆಯಾಗಿ ಬಾಯಿಯತ್ತ ತಿರುಗಿಸಿ. ಆಗ ‘ಭ’, ‘ಫ’ ಅಂದಾಗ ಬರುವ ಗಾಳಿ ಮೈಕ್ ಪಕ್ಕದಲ್ಲಿ ಹಾದುಹೋಗುತ್ತದೆ. ಕನ್ನಡದಲ್ಲಿ ಮಹಾಪ್ರಾಣಗಳಿರುವುದರಿಂದ ನಮಗೆ ಇದು ಮುಖ್ಯ.

ಪ್ರಶ್ನೆ (ಇನ್ನೊಬ್ಬ ಸದಸ್ಯೆ): ನಾನು ಹಾಗೆ ಮೆಲ್ಲಗೆ ಹಾಡಿದರೆ ಸಾಲಿನ ಅರ್ಧಕ್ಕೇ ಉಸಿರು ಮುಗಿಯುತ್ತದೆ. ಕಂಪ್ರೆಸರ್ (ಜೋರು-ಮೆಲು ದನಿಯ ಅಂತರ ತಗ್ಗಿಸುವ ಸಾಧನ) ಹಾಕಿದರೆ ಉಸಿರೆಳೆಯುವ ಸದ್ದೇ ಜೋರಾಗುತ್ತದೆ.

ಉತ್ತರ: ಗಾಳಿ ಬೆರೆತ ದನಿಯಲ್ಲಿ ಉಸಿರು ಬೇಗ ಸೋರುತ್ತದೆ ಮೇಡಂ. ಜೂಲಿ ಉದ್ದ ಸಾಲನ್ನು ಎಳೆಯಲು ಹೋಗುವುದಿಲ್ಲ, ತುಂಡು ಮಾಡಿ, ಮಾತಾಡಿದ ಹಾಗೆ, ತಾಳಕ್ಕಿಂತ ತುಸು ಹಿಂದೆ ಬಿಡುತ್ತಾರೆ. ಆ ಬಿಡುವನ್ನು ಗಿಟಾರ್ ತುಂಬುತ್ತದೆ. ಹಾಡಿನ ಸಾಹಿತ್ಯ ಎದುರಿಗಿಟ್ಟುಕೊಂಡು ಉಸಿರು ಎಲ್ಲೆಲ್ಲಿ ಎಂದು ಪೆನ್ಸಿಲ್‌ನಲ್ಲಿ ಗುರುತು ಹಾಕಿ. ಶ್ರುತಿಯನ್ನು ಒಂದೋ ಎರಡೋ ಮನೆ ಇಳಿಸಿ, ಮಾತಾಡುವ ದನಿಗೆ ಹತ್ತಿರ ಬರಲಿ. ಪಿಸುಗುಟ್ಟಬೇಡಿ, ಗಂಟಲು ಬಿಗಿಯುತ್ತದೆ. ಕಂಪ್ರೆಸರ್ ಅನುಪಾತ 2:1 ಸಾಕು, ಗೇನ್ ಇಳಿತ (ಅದು ದನಿಯ ಮಟ್ಟ ತಗ್ಗಿಸುವ ಪ್ರಮಾಣ) 3 ಡೆಸಿಬಲ್ ಮೀರದಿರಲಿ. ಅದು ಜೋರು ಭಾಗವನ್ನು ಅದುಮುತ್ತದೆ, ಆಮೇಲೆ ಒಟ್ಟು ಮಟ್ಟ ಏರಿಸಿದಾಗ ಉಸಿರೂ ಜೊತೆಗೇ ಏರುತ್ತದೆ. ಅತಿಯಾದ ಉಸಿರುಗಳ ಮಟ್ಟವನ್ನು ಎಡಿಟಿಂಗ್‌ನಲ್ಲಿ ಒಂದೊಂದಾಗಿ ಇಳಿಸಿ. ಪೂರ್ತಿ ಅಳಿಸಿದರೆ ಹಾಡು ಸತ್ತಂತೆ ಕೇಳುತ್ತದೆ.

ಇನ್ನು ನಟನೆ. ಜೂಲಿ ಹುಟ್ಟಿದ್ದು 1926ರಲ್ಲಿ, ಕ್ಯಾಲಿಫೋರ್ನಿಯಾದ ಸಾಂಟಾ ರೋಸಾದಲ್ಲಿ. ಲಿಫ್ಟ್ ಆಪರೇಟರ್ ಆಗಿದ್ದಾಗ ಸಿನಿಮಾ ಏಜೆಂಟ್ ಸೂ ಕರೋಲ್ ಕಣ್ಣಿಗೆ ಬಿದ್ದರು. ಅಂದರೆ ಹಾಡಿನ ಹೆಸರಿಗಿಂತ ಮೊದಲೇ ಸಿನಿಮಾ ಬಂದಿತ್ತು. ‘ಕ್ರೈ ಮಿ ಎ ರಿವರ್’ ಅನ್ನು ಆರ್ಥರ್ ಹ್ಯಾಮಿಲ್ಟನ್ ಬರೆದದ್ದು ಜಾಝ್ ಗಾಯಕಿ ಎಲಾ ಫಿಟ್ಜೆರಾಲ್ಡ್ ಅವರಿಗಾಗಿ, ಜ್ಯಾಕ್ ವೆಬ್ ನಿರ್ದೇಶನದ ಒಂದು ಸಿನಿಮಾಕ್ಕೆ. ಅಲ್ಲಿ ಕೈಬಿಟ್ಟ ಹಾಡು ವೆಬ್ ಅವರ ಮಾಜಿ ಪತ್ನಿ ಜೂಲಿಗೆ ಸಿಕ್ಕಿ, ಅಮೆರಿಕದ ಜನಪ್ರಿಯ ಹಾಡುಗಳ ಬಿಲ್‌ಬೋರ್ಡ್ ಪಟ್ಟಿಯಲ್ಲಿ 9ನೇ ಸ್ಥಾನಕ್ಕೆ ಏರಿತು. 1958ರಲ್ಲಿ ಗ್ಯಾರಿ ಕೂಪರ್ ಜೊತೆ ‘ಮ್ಯಾನ್ ಆಫ್ ದಿ ವೆಸ್ಟ್’. 1972ರಿಂದ ಅದೇ ವೆಬ್ ನಿರ್ಮಿಸಿದ ‘ಎಮರ್ಜೆನ್ಸಿ!’ ಟಿವಿ ಸರಣಿಯಲ್ಲಿ ನರ್ಸ್ ಡಿಕ್ಸಿ ಮೆಕಾಲ್ ಪಾತ್ರ. ಡಾಕ್ಟರ್ ಪಾತ್ರದಲ್ಲಿ ಎರಡನೇ ಗಂಡ ಬಾಬಿ ಟ್ರೂಪ್, ಆ ಮೊದಲ ಆಲ್ಬಂನ ನಿರ್ಮಾಪಕರೂ ಅವರೇ. ಜೂಲಿ 2000ದಲ್ಲಿ ತೀರಿಕೊಂಡರು.

ಅಭ್ಯಾಸಕ್ಕೆ 1958ರ ‘ಜೂಲಿ ಈಸ್ ಹರ್ ನೇಮ್’ ಎರಡನೇ ಸಂಪುಟವನ್ನೂ ಕೇಳಿ. ಅಲ್ಲಿ ಗಿಟಾರ್ ಹೊವರ್ಡ್ ರಾಬರ್ಟ್ಸ್, ಬೇಸ್ ರೆಡ್ ಮಿಚೆಲ್. ಆಗಲೂ ಎರಡೇ ವಾದ್ಯ.