ಹೊಂಗೆ ಮರದ ತೊಗಟೆ ಸುತ್ತಲೂ ಸುಲಿದಿದಾರೆ, ಮರ ಉಳಿಯುತ್ತಾ?

ಪ್ರಶ್ನೆ: ನಮಸ್ಕಾರ ಎಲ್ರಿಗೂ. ನಾವಿರೋದು ರಾಜಾಜಿನಗರ, ಮನೆ ಮುಂದೆ ಫುಟ್‌ಪಾತಲ್ಲಿ ದೊಡ್ಡ ಹೊಂಗೆ ಮರ ಇದೆ, ಹೋದ ವಾರ ಯಾರೋ ಸೊಂಟದೆತ್ತರಕ್ಕೆ ಸುತ್ತಲೂ ನಾಲ್ಕು ಬೆರಳಗಲ ತೊಗಟೆ ಸುಲಿದು ಹೋಗಿದಾರೆ. ಎಲೆ ಮಾತ್ರ ಒಂದೂ ಬಾಡಿಲ್ಲ. ಪಕ್ಕದ್ಮನೆ ಅಂಕಲ್ ಏನೂ ಆಗಲ್ಲ ಬಿಡಮ್ಮ, ಊರಲ್ಲಿ ತೆಂಗಿನ ಮರ ಹತ್ತೋಕೆ ಮೆಟ್ಲು ಕಡೀತಾರಲ್ಲ ಅದು ಸಾಯುತ್ತಾ ಅಂತಾರೆ. ಬಾಟನಿ ಮೇಡಂ ಇದ್ರೆ ಸ್ವಲ್ಪ ಹೇಳಿ.

ಉತ್ತರ (ಬಾಟನಿ ಲೆಕ್ಚರರ್): ಎಲೆ ಹಸಿರಾಗಿದೆ ಅಂತ ಸುಮ್ಮನಿರಬೇಡಿ, ದಯವಿಟ್ಟು. ಬೇರಿಂದ ನೀರು ಮೇಲೆ ಹೋಗೋದು ಒಳಗಿನ ಕಟ್ಟಿಗೆ ಭಾಗದಲ್ಲಿ, ಅಂದ್ರೆ ಕ್ಸೈಲಮ್ಮಲ್ಲಿ, ಅದನ್ನ ಯಾರೂ ಮುಟ್ಟಿಲ್ಲ, ಅದಕ್ಕೇ ಎಲೆ ಬಾಡಿಲ್ಲ. ಆದ್ರೆ ಎಲೆ ತಯಾರಿಸಿದ ಸಕ್ಕರೆ ಕೆಳಗೆ ಇಳಿಯೋದು ತೊಗಟೆಯ ಒಳಪದರದಲ್ಲಿರೋ ಫ್ಲೋಯಮ್ಮಲ್ಲಿ, ಸುಲಿದಾಗ ಅದೇ ಕಿತ್ತು ಬರೋದು. ಬೇರು ಕೂಡಿಟ್ಟ ಪಿಷ್ಟ ತಿಂದ್ಕೊಂಡು ತಿಂಗಳುಗಟ್ಟಲೆ ಇರಬಹುದು, ಅದು ಮುಗಿದ್ಮೇಲೆ ಬೇರು ಸಾಯುತ್ತೆ, ಆಮೇಲೆ ಎಲೆ ಒಣಗುತ್ತೆ, ಅಷ್ಟೊತ್ತಿಗೆ ನಾವು ಮಾಡೋದಕ್ಕೆ ಏನೂ ಉಳಿದಿರಲ್ಲ. ಗೂಟಿ ಕಸಿ ನೋಡಿರ್ತೀರಲ್ಲ, ದಾಳಿಂಬೆ ಕೊಂಬೆಗೆ ಉಂಗುರದ ಹಾಗೆ ತೊಗಟೆ ತೆಗೆದು ಪಾಚಿ ಕಟ್ತಾರೆ, ಇಳಿಯೋ ಆಹಾರ ಗಾಯದ ಮೇಲಂಚಲ್ಲೇ ನಿಂತು ಅಲ್ಲೇ ಬೇರು ಬರುತ್ತೆ. ಕಾರಣ ಇದೇ.

ತೆಂಗಿನ ಕಥೆ ಪೂರ್ತಿ ಬೇರೆ. ಅದರಲ್ಲಿ ಕ್ಸೈಲಮ್ಮು ಫ್ಲೋಯಮ್ಮು ಎರಡೂ ಸೇರಿದ ಸಾವಿರಾರು ನಾರಿನಂಥ ಕಟ್ಟುಗಳು ಕಾಂಡದ ತುಂಬಾ ಹರಡಿರ್ತವೆ, ಹೊರಗಡೆ ಸ್ವಲ್ಪ ಕಡಿದ್ರೂ ಒಳಗಿನವು ಕೆಲಸ ಮಾಡ್ತವೆ. ಆದ್ರೆ ಹೊಂಗೆಗಿರೋ ಕ್ಯಾಂಬಿಯಮ್, ಅಂದ್ರೆ ತೊಗಟೆಗೂ ಕಟ್ಟಿಗೆಗೂ ಮಧ್ಯೆ ಹೊಸ ಕಣ ಹುಟ್ಟಿಸೋ ತೆಳು ಪದರ, ತೆಂಗಿಗಿಲ್ಲ, ಹಾಗಾಗಿ ಆ ಮೆಟ್ಲಿನ ಗಾಯ ಯಾವತ್ತೂ ಮುಚ್ಚಲ್ಲ. ತೆಂಗಿನ ಜೀವ ಇರೋದು ಸುಳೀಲಿ.

ಈಗ ಮೊದಲು ಪೂರ್ತಿ ಸುತ್ತು ಹೋಗಿದೆಯಾ ನೋಡಿ. ಒಂದು ಕಡೆ ಎರಡು ಬೆರಳಗಲ ಜೀವಂತ ತೊಗಟೆ ಉಳಿದಿದ್ರೂ ಆಸೆ ಇದೆ, ಅದರ ಅಂಚಿಂದ ಕ್ಯಾಂಬಿಯಮ್ ನಿಧಾನಕ್ಕೆ ಗಾಯ ಮುಚ್ಕೊಂಡು ಬರುತ್ತೆ. ಪೂರ್ತಿ ಹೋಗಿದ್ರೆ ಸೇತುವೆ ಕಸಿ ಒಂದೇ ದಾರಿ: ಅದೇ ಮರದ ಬೆರಳು ದಪ್ಪದ ಕಡ್ಡಿಗಳನ್ನ ಗಾಯದ ಮೇಲಿನ ತೊಗಟೆಗೂ ಕೆಳಗಿನ ತೊಗಟೆಗೂ ಒಳಗೆ ಸೇರಿಸಿ ಕೂಡಿಸೋದು, ತುದಿ ಮೇಲ್ಮುಖವಾಗೇ ಇರಬೇಕು, ತಲೆಕೆಳಗಾದ್ರೆ ಉಪಯೋಗಕ್ಕೆ ಬರಲ್ಲ. ಕಸಿ ಕಟ್ಟಿ ಅಭ್ಯಾಸ ಇರೋ ಮಾಲಿ ಹತ್ರ ಮಾಡ್ಸಿ. ಪಾಲಿಕೆ ಅರಣ್ಯ ವಿಭಾಗಕ್ಕೂ ಫೋಟೋ ಸಮೇತ ದೂರು ಕೊಡಿ. ಗಾಯಕ್ಕೆ ಸಿಮೆಂಟು ಟಾರು ಬಳೀಬೇಡಿ.

ಇನ್ನೊಬ್ಬರು: ಮೇಡಂ ನಮ್ಮ ಬೀದಿ ಮರಗಳಿಗೆ ಸೀರಿಯಲ್ ಲೈಟ್ ವೈರ್ ಬಿಗಿದು ವರ್ಷ ಆಯ್ತು, ಮರ ಬೆಳೆದ ಹಾಗೆ ಮೇಲೆ ಹೋಗಲ್ವಾ?

ಉತ್ತರ: ಹೋಗಲ್ಲ, ಕಟ್ಟಿದ ಎತ್ತರದಲ್ಲೇ ಇರುತ್ತೆ. ಮರ ಉದ್ದ ಆಗೋದು ಕೊಂಬೆ ತುದೀಲಿ, ಬುಡದ ಕಾಂಡ ದಪ್ಪ ಮಾತ್ರ ಆಗುತ್ತೆ, ದಪ್ಪ ಆದ ಹಾಗೆ ವೈರ್ ತೊಗಟೆಯೊಳಗೆ ಕೊರೆದು ಸುಲಿದಷ್ಟೇ ಹಾನಿ ಮಾಡುತ್ತೆ, ನಿಧಾನಕ್ಕೆ. ಇವತ್ತೇ ಬಿಚ್ಚಿಸಿ.

ಪ್ರಶ್ನೆ ಕೇಳಿದವರು: ಥ್ಯಾಂಕ್ಯೂ ಮೇಡಂ, ನೋಡ್ದೆ, ಹಿಂದೆ ಗೋಡೆ ಕಡೆ ಒಂದು ಪಟ್ಟಿ ಉಳಿದಿದೆ! ಗಾಯದ ಕೆಳಗೆ ಚಿಗುರೂ ಬರ್ತಿದೆ, ಕೀಳ್ಬೇಕಾ?

ಉತ್ತರ: ಕೀಳಲೇಬೇಡಿ, ಸದ್ಯಕ್ಕೆ ಆ ಚಿಗುರಿನ ಎಲೆಗಳೂ ಬೇರಿಗೆ ಊಟ ಕಳಿಸ್ತವೆ. ದನ ಮೇಯದ ಹಾಗೆ ಸುತ್ತ ಬಲೆ ಕಟ್ಟಿ.