‘ಶರಣಾಗಿ ಜಾಮೀನು ಕೋರುವುದು’: ಸರಿಯಾದ ಪ್ರಯೋಗ ಯಾವುದು?

ಇನ್ನೂ ಬಂಧನವಾಗದ ಆರೋಪಿಯೊಬ್ಬರು ತಾವಾಗಿಯೇ ಕ್ರಿಮಿನಲ್ ನ್ಯಾಯಾಲಯದ ಮುಂದೆ ಬಂದು, ಅದೇ ಹೊತ್ತಿನಲ್ಲಿ ಜಾಮೀನಿಗೆ ಅರ್ಜಿ ಸಲ್ಲಿಸುವ ಕ್ರಮವನ್ನು ಕನ್ನಡದಲ್ಲಿ ಹೇಗೆ ಬರೆಯಬೇಕೆಂಬುದು ನನ್ನ ಪ್ರಶ್ನೆ. ಪತ್ರಿಕೆಗಳು ‘ನ್ಯಾಯಾಲಯಕ್ಕೆ ಶರಣಾದರು’ ಎಂದು ಬರೆಯುತ್ತವೆ. ವಕೀಲರ ಆಡುಮಾತಿನಲ್ಲಿ ಅದು ‘ಸರೆಂಡರ್ ಆಗಿ ಬೇಲ್ ಹಾಕುವುದು’. ಅರ್ಜಿಯನ್ನೇ ಕನ್ನಡದಲ್ಲಿ ಬರೆಯಬೇಕಾದಾಗ ಇವೆರಡೂ ಸಾಲುವುದಿಲ್ಲ.

‘ಶರಣಾಗು’ ಎಂಬುದರಲ್ಲಿ ಸೋಲೊಪ್ಪಿ ಮೊರೆಹೊಕ್ಕ ಭಾವವಿದೆ. ಅದನ್ನು ಓದಿದವರು ಆರೋಪಿ ತಪ್ಪು ಮಾಡಿಯೇ ಬಂದಿದ್ದಾನೆಂದು ತಿಳಿಯುವುದು ಸಹಜ. ಆದರೆ ಕಾನೂನಿನಲ್ಲಿ ಹೀಗೆ ಬರುವುದು ತಪ್ಪೊಪ್ಪಿಗೆಯಲ್ಲ. ನಿರಪರಾಧಿಯೆಂದು ವಾದಿಸುವವರೂ ಹೀಗೆಯೇ ಬರುತ್ತಾರೆ.

ಹಾಗಾದರೆ ‘ಹಾಜರಾಗು’ ಎನ್ನಬಹುದೇ? ಜಾಮೀನುರಹಿತ ಅಪರಾಧಗಳಲ್ಲಿ ಮ್ಯಾಜಿಸ್ಟ್ರೇಟರ ಅಧಿಕಾರವನ್ನು ಹೇಳುವ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 480ನೇ ಕಲಮು (ಹಿಂದಿನ ದಂಡ ಪ್ರಕ್ರಿಯಾ ಸಂಹಿತೆಯ 437) ಬಂಧಿತರ ಜೊತೆಗೆ, ನ್ಯಾಯಾಲಯದ ಮುಂದೆ ಹಾಜರಾದವರನ್ನೂ ಹಾಜರುಪಡಿಸಲಾದವರನ್ನೂ ಒಳಗೊಳ್ಳುತ್ತದೆ. ಅಲ್ಲಿ ಈ ಪದಕ್ಕೆ ಆಧಾರವಿದೆ. ಸೆಷನ್ಸ್ ನ್ಯಾಯಾಲಯ ಮತ್ತು ಉಚ್ಚ ನ್ಯಾಯಾಲಯಗಳಿಗೆ ಸಂಬಂಧಿಸಿದ 483ನೇ ಕಲಮು (ಹಿಂದಿನ 439) ಮಾತ್ರ ಅರ್ಜಿದಾರರು ಅಭಿರಕ್ಷೆಯಲ್ಲಿ, ಅಂದರೆ ಕಸ್ಟಡಿಯಲ್ಲಿ, ಇರಬೇಕೆಂದು ಬಯಸುತ್ತದೆ. ಪೊಲೀಸರು ಹಿಡಿದರೆ ಮಾತ್ರ ಅಭಿರಕ್ಷೆಯೆಂದಲ್ಲ, ತಾನಾಗಿ ಬಂದು ನ್ಯಾಯಾಲಯದ ನಿರ್ದೇಶನಗಳಿಗೆ ಒಳಪಟ್ಟವನೂ ಅಭಿರಕ್ಷೆಯಲ್ಲಿರುವವನೇ ಎಂದು ಸರ್ವೋಚ್ಚ ನ್ಯಾಯಾಲಯ 1980ರ ನಿರಂಜನ್ ಸಿಂಗ್ ಪ್ರಕರಣದಲ್ಲಿ ಹೇಳಿದೆ. ಬರಿಯ ‘ಹಾಜರಾಗಿ’ ಎಂಬ ಪದಕ್ಕೆ ಈ ಅರ್ಥವನ್ನು ಹೊರುವ ಶಕ್ತಿಯಿಲ್ಲ. ಸಾಕ್ಷಿಯೂ ಹಾಜರಾಗುತ್ತಾನೆ, ಸಾಕ್ಷ್ಯ ಹೇಳಿ ಮನೆಗೆ ಹೋಗುತ್ತಾನೆ. ಇಲ್ಲಿ ಜಾಮೀನು ಸಿಗದಿದ್ದರೆ ಬಂದವರು ಅಲ್ಲಿಂದಲೇ ನ್ಯಾಯಾಂಗ ಬಂಧನಕ್ಕೆ ಹೋಗಬೇಕಾಗಬಹುದು. ಸಹಿ ಹಾಕುವವರಿಗೆ ಈ ಅಪಾಯ ಅರ್ಜಿಯ ಭಾಷೆಯಲ್ಲೇ ಕಾಣಬೇಕು ಎಂಬುದು ನನ್ನ ಆಗ್ರಹ.

‘ತನ್ನನ್ನು ನ್ಯಾಯಾಲಯಕ್ಕೆ ಒಪ್ಪಿಸಿಕೊಂಡು’ ಎಂಬುದು ಅಚ್ಚಗನ್ನಡದ ಪ್ರಯೋಗ, ಅರ್ಥವೂ ಹತ್ತಿರದ್ದೇ. ಆದರೆ ಬೆರಳಚ್ಚಿನಲ್ಲಿ ‘ಸಿ’ ಎಂಬ ಒಂದಕ್ಷರ ಬಿಟ್ಟುಹೋದರೆ ಅದು ‘ಒಪ್ಪಿಕೊಂಡು’ ಆಗುತ್ತದೆ; ಆರೋಪಿಯ ಅರ್ಜಿಯಲ್ಲಿ ಇದಕ್ಕಿಂತ ಕೆಟ್ಟ ಕೈತಪ್ಪು ಇರಲಾರದು. ಆದ್ದರಿಂದ ‘ತಾನಾಗಿ ಹಾಜರಾಗಿ, ನ್ಯಾಯಾಲಯದ ಅಭಿರಕ್ಷೆಗೆ ಒಳಪಟ್ಟು’ ಎಂಬ ಉದ್ದನೆಯ ರೂಪವೇ ಸುರಕ್ಷಿತವೆಂದು ನನಗೆ ತೋರುತ್ತದೆ. ಇದರ ಜೊತೆಗೆ ‘ನಿರೀಕ್ಷಣಾ ಜಾಮೀನು’ ಎಂದು ಸೇರಿಸುವುದಂತೂ ಸಲ್ಲದು, ಏಕೆಂದರೆ ಅದು ಬಂಧನದ ಭೀತಿಯಿರುವಾಗ, ಬಂಧನಕ್ಕೆ ಮೊದಲೇ ಕೋರುವಂಥದು.

‘ಜಾಮೀನು’ ಎಂಬ ಪದದ ಬಗ್ಗೆಯೂ ಒಂದು ತೊಡಕಿದೆ. ಅರಬ್ಬಿ ಮೂಲದಲ್ಲಿ ಅದು ಹೊಣೆ ನಿಲ್ಲುವ ವ್ಯಕ್ತಿಯನ್ನು ಹೇಳುವ ಪದ. ‘ಜಾಮೀನು ನಿಲ್ಲು’ ಎಂಬ ನಮ್ಮ ಮಾತಿನಲ್ಲಿ ಆ ನೆನಪು ಉಳಿದಿದೆ. ಪರಿಣಾಮವಾಗಿ ಒಂದೇ ಅರ್ಜಿಯಲ್ಲಿ ‘ಅರ್ಜಿದಾರನು ತಕ್ಕ ಜಾಮೀನು ನೀಡಲು ಸಿದ್ಧನಿದ್ದಾನೆ’ ಎಂದೂ ‘ನ್ಯಾಯಾಲಯವು ಜಾಮೀನು ನೀಡಬೇಕು’ ಎಂದೂ ಬರುತ್ತದೆ. ಕೊಡುವವರು ಯಾರು, ಪಡೆಯುವವರು ಯಾರು ಎಂದು ಕಾನೂನು ಓದದವರು ಗಲಿಬಿಲಿಗೊಳ್ಳುತ್ತಾರೆ. 2024ರ ಜುಲೈ 1ರಿಂದ ಜಾರಿಯಲ್ಲಿರುವ ಹೊಸ ಸಂಹಿತೆಯ 2ನೇ ಕಲಮು, ಷರತ್ತುಗಳ ಮೇಲಿನ ಬಿಡುಗಡೆ, ಹೊಣೆಗಾರರಿಲ್ಲದೆ ಬರೆದುಕೊಡುವ ಮುಚ್ಚಳಿಕೆ, ಹೊಣೆಗಾರರೊಂದಿಗಿನ ಮುಚ್ಚಳಿಕೆ, ಈ ಮೂರನ್ನೂ ಬೇರೆಬೇರೆಯಾಗಿ ನಿರೂಪಿಸಿದೆ. ಬಿಡುಗಡೆಗೆ ಮಾತ್ರ ‘ಜಾಮೀನು’ ಎಂಬುದನ್ನು ಮೀಸಲಿಟ್ಟು, ನಿಲ್ಲುವವರನ್ನು ‘ಹೊಣೆಗಾರ’ ಎಂದು, ಬರೆದುಕೊಡುವುದನ್ನು ‘ಮುಚ್ಚಳಿಕೆ’ ಎಂದು ಕರೆದರೆ ಗೊಂದಲ ಬಹುಮಟ್ಟಿಗೆ ತೀರುತ್ತದೆ.

ಕನ್ನಡದಲ್ಲಿ ಅರ್ಜಿ, ಆದೇಶಗಳನ್ನು ಬರೆದು ಅನುಭವವಿರುವವರು ‘ಅಭಿರಕ್ಷೆಗೆ ಒಳಪಟ್ಟು’ ಎಂಬುದು ಕಕ್ಷಿದಾರರಿಗೆ ಸುಲಭವಾಗಿ ಅರ್ಥವಾಗುತ್ತದೆಯೇ, ಅದೇ ಅರ್ಥವನ್ನು ತಪ್ಪೊಪ್ಪಿಗೆಯ ಛಾಯೆಯಿಲ್ಲದೆ ಕೊಡುವ ಇನ್ನೂ ಚಿಕ್ಕ ಪದ ಬಳಕೆಯಲ್ಲಿದೆಯೇ ಎಂಬುದನ್ನು ದಯವಿಟ್ಟು ತಿಳಿಸಬೇಕು.